ಆಚಿ ದಂಡಿಯ ಬಣ್ಣ

ಹೂಗಾರರ ತಟ್ಟೆಯಲ್ಲಿ ಚಿತ್ರಾನ್ನಕ್ಕೂ ಕೆಂಪು ಮೆಣಸಿನಕಾಯಿ ಚಟ್ನಿಗೂ ನಡುವೆ ಯಾವಾಗಲೂ ಮೊಸರನ್ನದ ಒಂದು ಗೋಡೆ ಇರುತ್ತಿತ್ತು. ಸುಮ್ಮನೆ ಬಡಿಸಿಕೊಂಡ ಮೊಸರನ್ನವಲ್ಲ. ಚಮಚದ ಬೆನ್ನಿನಿಂದ ತಟ್ಟಿ, ಅಂಚು ನೇರ ಮಾಡಿ ಕಟ್ಟಿದ್ದು. ಹಳದಿ ಆ ಕಡೆ, ಕೆಂಪು ಈ ಕಡೆ. ಚಟ್ನಿಯ ಎಣ್ಣೆ ಹರಿದು ಗೋಡೆ ದಾಟುವ ಸೂಚನೆ ಕಂಡರೆ ಮಾತು ನಿಲ್ಲಿಸಿ, ಇನ್ನೊಂದು ಚಮಚ ಮೊಸರನ್ನ ತಂದು ಒಡ್ಡು ಭದ್ರಪಡಿಸುತ್ತಿದ್ದರು. ಅಮೆರಿಕದ ಮಿಷಿಗನ್ನಿನಲ್ಲಿ, ನಮ್ಮೂರು ಕ್ಯಾಂಟನ್ನಿನ ಯಾರದೋ ಮನೆಯ ಪಾಟ್‌ಲಕ್ ಊಟದಲ್ಲಿ ಇದನ್ನು ಮೊದಲ ಸಲ ಕಂಡಾಗ, ನನ್ನ ಸ್ವಭಾವಕ್ಕೆ ತಕ್ಕಂತೆ, ಇದು ಯಾವುದೋ ಕಾಯಿಲೆ ಎಂದುಕೊಂಡೆ. ಆ ಕಾಯಿಲೆ ನನಗೂ ಇರಬಹುದೇ ಎನ್ನುವ ಯೋಚನೆ ಅದರ ಹಿಂದೆಯೇ ಬಂತು.

“ಏನ್ರೀ ಹೂಗಾರ್, ಡಾಕ್ಟರ್ ಏನಾದ್ರೂ ಹೇಳಿದಾರಾ?” ಎಂದು ಕೇಳಿದೆ.

“ಡಾಕ್ಟರ್ ಏನ್ ಹೇಳ್ತಾನ್ರೀ ಮೂರ್ತಿ ಸರ? ಹಳದಿ ಕೆಂಪು ಕೂಡಿದ್ರ ಅದು ಆಚಿ ದಂಡಿಯವರ ಬಣ್ಣ. ಅದನ್ನ ನಾ ಹೊಟ್ಟಿಯೊಳಗ ಹಾಕ್ಕೊಳ್ಳಂಗಿಲ್ಲ.”

“ಹೊಟ್ಟೆ ಒಳಗೆ ಹೋದ್ಮೇಲೆ ಎರಡೂ ಸೇರೇ ಸೇರತ್ತಲ್ರೀ?”

“ಅಲ್ಲಿ ಕತ್ತಲ ಇರತೈತಿ,” ಎಂದರು ಹೂಗಾರ. “ಕಾಣಂಗಿಲ್ಲ.”

ಆಚಿ ದಂಡಿ ಎಂದರೆ ಗದುಗಿನ ಯಾವುದೋ ಹಳ್ಳದ ಆಚೆ ದಂಡೆಯಿರಬೇಕು, ಹೊಲದ ಜಗಳವಿರಬೇಕು ಎಂದು ನಾನು ಕೆಲವು ವಾರ ನಂಬಿಕೊಂಡಿದ್ದೆ. ಆಮೇಲೆ ತಿಳಿಯಿತು, ಅದು ಇಸ್ತಾಂಬುಲ್ ಊರನ್ನು ಸೀಳಿಕೊಂಡು ಹರಿಯುವ ಸಮುದ್ರದ ಆಚೆ ದಂಡೆ. ಈಚೆ ಏಷ್ಯಾ, ಆಚೆ ಯೂರೋಪು. ಈಚೆ ದಂಡೆಯ ಫುಟ್‌ಬಾಲ್ ಕ್ಲಬ್ಬಿನ ಬಣ್ಣ ಹಳದಿ-ನೀಲಿ. ಆಚೆ ದಂಡೆಯದು ಹಳದಿ-ಕೆಂಪು. ಎರಡರ ನಡುವೆ ಅಜ್ಜಂದಿರ ಕಾಲದಿಂದ ನಡೆದುಬಂದ ವೈರ. ಹೂಗಾರರು ಎದುರಾಳಿ ಕ್ಲಬ್ಬಿನ ಹೆಸರನ್ನು ಬಾಯಿಂದ ಆಡುತ್ತಿರಲಿಲ್ಲ, ಆದ್ದರಿಂದ ನಾನೂ ಇಲ್ಲಿ ಬರೆಯುವುದಿಲ್ಲ. ಅವರು ಹೇಳುತ್ತಿದ್ದದ್ದು ಎರಡೇ: ‘ನಾವು’ ಮತ್ತು ‘ಆಚಿ ದಂಡಿಯವರು’. ಎರಡೂ ಕಡೆ ಹಳದಿ ಇದೆಯಲ್ಲ ಎಂದು ಯಾರಾದರೂ ತರ್ಕ ಎತ್ತಿದರೆ ಉತ್ತರ ಸಿದ್ಧವಿತ್ತು. “ಹಳದಿ ನಮ್ದ. ಅವರು ಕದ್ದಾರ.”

ಬಸವರಾಜ ಹೂಗಾರ ಹುಟ್ಟಿದ್ದು ಗದುಗಿನಲ್ಲಿ, ಓದಿದ್ದು ಹುಬ್ಬಳ್ಳಿಯಲ್ಲಿ, ಕೆಟ್ಟದ್ದು ಇಸ್ತಾಂಬುಲ್‌ನಲ್ಲಿ. ಕಾರಿನ ಸೀಟಿನ ಚೌಕಟ್ಟು ಒತ್ತುವ ಅಚ್ಚುಗಳ ಎಂಜಿನಿಯರು. ನಮ್ಮ ಕಂಪನಿ ಅವರನ್ನು ಅಮೆರಿಕಕ್ಕೆ ತರುವ ಮುನ್ನ ಮೂರು ವರ್ಷ ಇಸ್ತಾಂಬುಲ್ ಹೊರವಲಯದ ಗೆಬ್ಜೆಯ ಕಾರ್ಖಾನೆಯಲ್ಲಿಟ್ಟಿತ್ತು. ಹೋದ ಮೊದಲ ಭಾನುವಾರ, ಭಾಷೆ ಬಾರದ, ಮಾಂಸ ತಿನ್ನದ, ಯಾರೂ ಗೊತ್ತಿಲ್ಲದ ಮನುಷ್ಯ ರೊಟ್ಟಿ ಹುಡುಕಿಕೊಂಡು ಬೀದಿಗೆ ಇಳಿದರಂತೆ. ಎದುರಿನಿಂದ ಒಂದು ದೊಡ್ಡ ಗುಂಪು ಹಾಡುತ್ತ ಬಂತು. ಅದರಲ್ಲೊಬ್ಬ ತನ್ನ ಕೊರಳಿನ ಹಳದಿ-ನೀಲಿ ಪಟ್ಟಿಯನ್ನು ತೆಗೆದು ಇವರ ಕೊರಳಿಗೆ ಹಾಕಿ, ಹೆಗಲ ಮೇಲೆ ಕೈಯಿಟ್ಟು ಪಂದ್ಯಕ್ಕೆ ಎಳೆದುಕೊಂಡು ಹೋದ.

“ನನ್ ಹೆಸರು ಕೇಳ್ಲಿಲ್ರಿ, ಊರು ಕೇಳ್ಲಿಲ್ಲ, ಯಾವ ಕಂಪನಿ, ಯಾವ ವೀಸಾ ಕೇಳ್ಲಿಲ್ಲ,” ಎಂದು ಹೂಗಾರರು ಈ ಕಥೆ ಹೇಳುವಾಗಲೆಲ್ಲ ಕೊನೆಯಲ್ಲಿ ಸೇರಿಸುತ್ತಿದ್ದರು. “ನಮ್ಮ ಮಂದಿ ನೋಡ್ರಿ. ಕೈಯಾಗ ಚಾ ಕೊಡೂದ್ರೊಳಗ ಮನಿ ಎಷ್ಟ್ ಬೆಡ್‌ರೂಮಿಂದು ಅಂತ ತಿಳ್ಕೊಂಡಿರ್ತಾರ.”

ಇದನ್ನು ಅವರು ನನ್ನ ಮನೆಯ ಸೋಫಾದಲ್ಲಿ ಕೂತು, ನಾನು ಕೊಟ್ಟ ಚಹಾ ಕುಡಿಯುತ್ತ ಹೇಳಿದರು. ನಾನು ಅವರ ಲೋಟಕ್ಕೆ ಇನ್ನಷ್ಟು ಚಹಾ ಬಗ್ಗಿಸಿದೆ. ಅವರ ಮನೆ ಮೂರು ಬೆಡ್‌ರೂಮಿನದು.

ಕ್ಯಾಂಟನ್ನಿನಿಂದ ಸ್ಟರ್ಲಿಂಗ್ ಹೈಟ್ಸಿನ ಕಾರ್ಖಾನೆಗೆ ನಾವಿಬ್ಬರೂ ಒಂದೇ ಕಾರಿನಲ್ಲಿ ಹೋಗುತ್ತಿದ್ದೆವು. ನಾನು ಕ್ವಾಲಿಟಿ ವಿಭಾಗ, ಅಂದರೆ ಆದದ್ದಕ್ಕೂ ಆಗದಿದ್ದದ್ದಕ್ಕೂ ಚಿಂತಿಸುವುದಕ್ಕೆ ಸಂಬಳ ಪಡೆಯುವವನು. ದಾರಿಯಲ್ಲಿ ಬೆಳಗಿನ ತಿಂಡಿಗೆ ಎಲ್ಲಿ ನಿಲ್ಲಬೇಕೆಂಬುದನ್ನು ಹೂಗಾರರ ಧರ್ಮ ನಿರ್ಧರಿಸುತ್ತಿತ್ತು. ಕೆಂಪು ಬೋರ್ಡಿನ ಮೇಲೆ ಹಳದಿ ಅಕ್ಷರವಿದ್ದ ಅಂಗಡಿಯ ಎಕ್ಸಿಟ್ ಬಂದರೆ ಮುಖ ಆ ಕಡೆ ತಿರುಗಿಸಿ, “ಹಾಯ್ದಿ, ಹಾಯ್ದಿ, ಮುಂದ ನಡೀರಿ” ಎನ್ನುತ್ತಿದ್ದರು. ಹಾಯ್ದಿ ಎನ್ನುವುದು ಅವರು ಅಲ್ಲಿಂದ ತಂದ ಮಾತು. ನಡೀರಿ, ಆಯಿತು, ಬೇಗ, ಸಾಕು, ಎಲ್ಲದಕ್ಕೂ ಅದೊಂದೇ. ಅಮೆರಿಕದಲ್ಲಿ ಕೆಂಪು-ಹಳದಿ ಬೋರ್ಡಿಲ್ಲದ ತಿಂಡಿ ಅಂಗಡಿ ಎಷ್ಟು ಕಡಿಮೆ ಎನ್ನುವುದು ನನಗೆ ತಿಳಿದದ್ದು ಆ ವರ್ಷಗಳಲ್ಲಿ, ಹಸಿವಿನ ಮೂಲಕ.

ಅಂಗಿಯ ಜೇಬಿನಲ್ಲಿ ಫುಟ್‌ಬಾಲ್ ರೆಫರಿಗಳು ಎಚ್ಚರಿಕೆಗೆ ತೋರಿಸುವ ಹಳದಿ ಕಾರ್ಡು ಇಟ್ಟುಕೊಂಡಿರುತ್ತಿದ್ದರು. ಬಿಡಿಭಾಗ ತಡವಾಗಿ ತಂದ ಸಪ್ಲೈಯರ್ ಎದುರಿಗೆ ಅದನ್ನು ಎತ್ತಿ ಹಿಡಿಯುವರು. ಒಬ್ಬ ಆಸಾಮಿಗೆ ಒಂದೇ ತಿಂಗಳಲ್ಲಿ ಅದೆಷ್ಟೋ ಸಲ ಹಳದಿ ತೋರಿಸಿದ್ದು ಕಂಡು, “ಎರಡಾದ ಮೇಲೆ ಕೆಂಪು ಅಲ್ವೇನ್ರೀ?” ಎಂದೆ.

“ಕೆಂಪು ಎಲ್ಲಿಡ್ಲಿ? ಇರೂದು ಒಂದ ಕಿಸೆ. ಹಳದಿ ಮಗ್ಗಲ ಕುಂದರತೈತಿ.”

ಹೀಗೆ ಒಂದು ಬಣ್ಣದ ದೆಸೆಯಿಂದ ನಮ್ಮ ಕಾರ್ಖಾನೆಯಿದ್ದ ಮ್ಯಾಕೂಂಬ್ ಕೌಂಟಿಯ ಎಷ್ಟೋ ಸೋಮಾರಿಗಳು ಕ್ಷಮೆ ಪಡೆದರು.

ಮನೆಯ ಡಿಶ್ಶಿನಲ್ಲಿ ಕನ್ನಡ ಚಾನೆಲ್ ಬರುತ್ತಿರಲಿಲ್ಲ, ಟರ್ಕಿಶ್ ಬರುತ್ತಿತ್ತು. ಅವರ ಹೆಂಡತಿ ಗಿರಿಜಾ ಮೊದಲ ವರ್ಷ ಜಗಳವಾಡಿದರು, ಎರಡನೆಯ ವರ್ಷ ಅದೇ ಚಾನೆಲ್ಲಿನ ಧಾರಾವಾಹಿ ನೋಡಲು ಕೂತರು, ಮೂರನೆಯ ವರ್ಷ ಒಂದಕ್ಷರ ಅರ್ಥವಾಗದೆಯೇ ಸರಿಯಾದ ಜಾಗದಲ್ಲಿ ಅಳಲು ಕಲಿತರು. “ಅತ್ತಿ ಸೊಸಿಗೆ ಬೈಯೂದು ತಿಳ್ಯಾಕ ಭಾಷಾ ಯಾಕ ಬೇಕ್ರಿ?” ಎನ್ನುತ್ತಿದ್ದರು.

ಇಷ್ಟೆಲ್ಲ ಒಬ್ಬ ಮನುಷ್ಯನ ಹುಚ್ಚು, ಯಾರಿಗೂ ತೊಂದರೆಯಿಲ್ಲ. ತೊಂದರೆಯಾದದ್ದು ರಾಜ್ಯೋತ್ಸವದಲ್ಲಿ.

ನಮ್ಮ ಕನ್ನಡ ಕೂಟದ ಮೈಕು, ಸ್ಪೀಕರು, ವೈರುಗಳನ್ನೆಲ್ಲ ವರ್ಷಗಟ್ಟಲೆ ನೋಡಿಕೊಂಡವರು ಹೂಗಾರರೇ. ಆ ವರ್ಷ ಅವರಿಗೆ ಸನ್ಮಾನವೆಂದಾಯಿತು. ಅಧ್ಯಕ್ಷ ಶ್ರೀಕಂಠಯ್ಯನವರು ಹೈಸ್ಕೂಲಿನ ಆಡಿಟೋರಿಯಮ್ಮಿನ ವೇದಿಕೆಯ ಮೇಲೆ ಕನ್ನಡ ಬಾವುಟದ ಶಾಲನ್ನು ಎರಡೂ ಕೈಯಲ್ಲಿ ಬಿಡಿಸಿ ಹಿಡಿದು ನಿಂತರು. ಮೇಲೆ ಹಳದಿ, ಕೆಳಗೆ ಕೆಂಪು. ಹೂಗಾರರು ಅರ್ಧ ವೇದಿಕೆಯವರೆಗೆ ಬಂದು, ಶಾಲು ನೋಡಿ, ನಿಂತುಬಿಟ್ಟರು. ಅಧ್ಯಕ್ಷರು ಒಂದು ಹೆಜ್ಜೆ ಮುಂದೆ ಹೋದರೆ ಇವರು ಒಂದು ಹೆಜ್ಜೆ ಹಿಂದೆ. ಸಭಿಕರು ವಿನಯವೆಂದು ತಿಳಿದು ಚಪ್ಪಾಳೆ ತಟ್ಟಿದರು. ಕೊನೆಗೆ ಹೂಗಾರರು ಮೈಕಿಗೆ ಬಾಯಿಟ್ಟು ಸ್ಪಷ್ಟಪಡಿಸಿದರು. “ಕನ್ನಡಕ್ಕ ಜೀವಾ ಬೇಕಾದ್ರ ಕೊಡ್ತೇನ್ರಿ. ಕೊಳ್ಳಾಗ ಆ ಬಣ್ಣ ಮಾತ್ರ ಬ್ಯಾಡ.”

ಅವರೇ ಜೋಡಿಸಿದ ಮೈಕು. ಕೊನೆಯ ಸಾಲಿನವರೆಗೂ ಕೇಳಿಸಿತು.

ಮುಂದಿನ ವಾರವೆಲ್ಲ ಈಮೇಲ್. ಒಬ್ಬರು ಇದನ್ನು ಕನ್ನಡದ್ರೋಹವೆಂದರು, ಒಬ್ಬರು ಉತ್ತರ ಕರ್ನಾಟಕದ ಅಸಮಾಧಾನವೆಂದರು, ಇನ್ನೊಬ್ಬರು ಇದರ ಹಿಂದೆ ಪಕ್ಕದೂರಾದ ಆನ್ ಆರ್ಬರಿನ ಬಣದ ಕೈವಾಡ ಕಂಡರು. ಎಲ್ಲರೂ ಎಲ್ಲರಿಗೂ ಉತ್ತರಿಸಿದರು. ಒಂದು ಟರ್ಕಿಶ್ ಫುಟ್‌ಬಾಲ್ ಕ್ಲಬ್ಬು ಇದಕ್ಕೆ ಕಾರಣವೆಂದು ನಾನು ಬರೆದದ್ದನ್ನು ಮಾತ್ರ ಯಾರೂ ನಂಬಲಿಲ್ಲ. ವಿಷಯದ ದಾರಿ ತಪ್ಪಿಸುತ್ತಿದ್ದೇನೆ ಎಂದರು. ಕಡೆಗೆ ರಾಜಿಯಾಗಿ ಹೂಗಾರರ ಮನೆಗೆ ಹಣ್ಣಿನ ಬುಟ್ಟಿ ಕಳಿಸಲಾಯಿತು. ಬಾಳೆಹಣ್ಣು, ಸೇಬು. ಹೂಗಾರರು ಸೇಬನ್ನೆಲ್ಲ ಬೇರೆ ಚೀಲಕ್ಕೆ ಹಾಕಿ ನಮ್ಮ ಮನೆಗೆ ಕೊಟ್ಟುಹೋದರು. ಒಪ್ಪಿಕೊಳ್ಳದ ಶಾಲೂ, ಉಳಿದ ಶಾಲುಗಳ ಡಬ್ಬವೂ ಕೂಟದ ಖಜಾಂಚಿಯಾದ ನನ್ನ ಕಾರಿನ ಹಿಂಬದಿಗೆ ಬಂದು ಬಿದ್ದವು.

ಅಷ್ಟರಲ್ಲಿ ಕೆಟ್ಟ ಕಾಲ ಶುರುವಾಯಿತು. ಡೆಟ್ರಾಯಿಟ್ ಸೀಮೆಯಲ್ಲಿ ಕಾರು ಕೊಳ್ಳುವವರಿಲ್ಲದೆ, ಸೀಟು ಕೊಳ್ಳುವವರಿಲ್ಲದೆ, ಪಾರ್ಟಿಗಳಲ್ಲಿ ‘ಹೇಗಿದ್ದೀರಿ’ ಎನ್ನುವ ಮಾತಿನ ಜಾಗಕ್ಕೆ ‘ಇನ್ನೂ ಅಲ್ಲೇನಾ?’ ಬಂದು ಕೂತಿತು. ಕೆಲಸ ಕಳೆದುಕೊಂಡವರು ಹಾಗೆಂದು ಹೇಳುತ್ತಿರಲಿಲ್ಲ. ಸ್ವಂತ ಕನ್ಸಲ್ಟಿಂಗ್ ಶುರುಮಾಡಿದ್ದೇವೆ ಎನ್ನುತ್ತಿದ್ದರು. ಒಂದು ಚಳಿಗಾಲದಲ್ಲಿ ನಮ್ಮ ಸಬ್‌ಡಿವಿಷನ್ನಿನಲ್ಲಿ ಕನ್ಸಲ್ಟೆಂಟುಗಳೇ ತುಂಬಿ, ಎಲ್ಲರೂ ಹಗಲಿಡೀ ಡ್ರೈವ್‌ವೇಯ ಹಿಮ ಗೋರುತ್ತ ನಿಂತಿರುತ್ತಿದ್ದರು. ಅಷ್ಟು ಚೊಕ್ಕ ಡ್ರೈವ್‌ವೇಗಳನ್ನು ನಾನು ಮತ್ತೆ ಕಂಡಿಲ್ಲ. ನಾನಂತೂ ಆಫೀಸಿನ ಮೇಜಿನ ಮೇಲಿದ್ದ ಹೆಂಡತಿಯ ಫೋಟೋ, ಗಣಪತಿ, ಕಾಫಿ ಲೋಟ ಎಲ್ಲ ಮೊದಲೇ ಡಬ್ಬಕ್ಕೆ ತುಂಬಿಟ್ಟಿದ್ದೆ. ಅವರು ಬಂದು ಎದ್ದು ಹೋಗು ಎಂದ ಮೇಲೆ ಗಡಿಬಿಡಿ ಆಗಬಾರದು ನೋಡಿ.

ಹೂಗಾರರ ಪರಿಸ್ಥಿತಿ ನನ್ನದಕ್ಕಿಂತ ಬಿಗಿ. ಅವರ ಗ್ರೀನ್ ಕಾರ್ಡು ಕೊನೆಯ ಹಂತದಲ್ಲಿತ್ತು. ಕೆಲಸ ಹೋದರೆ ಅದೂ ಹೋದಂತೆ. ಅದು ಹೋದರೆ ಮನೆ, ದೇಶ, ಹೈಸ್ಕೂಲಿನಲ್ಲಿದ್ದ ಮಗಳು ಶ್ರೇಯಾಳ ಓದು, ಎಲ್ಲವನ್ನೂ ಕಟ್ಟಿಕೊಂಡು ಹೊರಡಬೇಕು.

ಆ ಹೊತ್ತಿಗೆ ಕಾರ್ಖಾನೆಗೆ ಹೊಸ ಮ್ಯಾನೇಜರ್ ಬಂದ. ಓರ್ಹಾನ್ ಎಂದು, ಟರ್ಕಿಯವನು. ಮನೆ ಶಿಕಾಗೋ ಹತ್ತಿರದ ನೇಪರ್‌ವಿಲ್ಲಿನಲ್ಲಿ. ವಾರವಿಡೀ ಇಲ್ಲಿದ್ದು ಶುಕ್ರವಾರ ಅಲ್ಲಿಗೆ ಓಡುತ್ತಿದ್ದ. ಹೂಗಾರರ ಸಂಭ್ರಮ ಹೇಳತೀರದು. ಟರ್ಕಿಶ್‌ನಲ್ಲಿ ಮಾತಾಡಿಸಿ ಬರುತ್ತೇನೆಂದು ಮೊದಲ ದಿನವೇ ಅವನ ಕೋಣೆಗೆ ಹೋದವರು ಐದು ನಿಮಿಷದಲ್ಲಿ ಮುಖ ಬಿಳುಚಿಕೊಂಡು ವಾಪಸು ಬಂದರು.

“ಮುಗೀತ್ರಿ ನಮ್ಮ ಕಥಿ.”

“ಏನಾಯ್ತು? ಲೇಆಫಾ?” ನನ್ನ ಕೈ ಡಬ್ಬದ ಮೇಲೆ ಹೋಯಿತು.

“ಅದಕಿಂತ ಕೆಟ್ಟದ್ದು. ಅಂವನ ಟೇಬಲ್ ಮ್ಯಾಲ ಚಾದ ಕಪ್ ನೋಡಿದೆ. ಹಳದಿ-ಕೆಂಪು. ಆಚಿ ದಂಡಿಯಂವ.”

ಅಂದಿನಿಂದ ಹೂಗಾರರು ತಮ್ಮ ಮತವನ್ನು ಮುಚ್ಚಿಟ್ಟರು. ಇದು ನನ್ನ ಸಲಹೆ. ಮುಚ್ಚಿಡುವುದರಲ್ಲಿ ನನಗೆ ಬಹಳ ನಂಬಿಕೆ. ಮೇಜಿನ ಮೇಲಿದ್ದ ಹಳದಿ-ನೀಲಿ ಪೆನ್‌ಸ್ಟ್ಯಾಂಡು ಡ್ರಾಯರ್ ಸೇರಿತು. ಓರ್ಹಾನ್ ಫುಟ್‌ಬಾಲಿನ ಮಾತು ತೆಗೆದರೆ ಹೂಗಾರರು, ಗದುಗಿನವರಿಗೆ ಬೇರೆ ಆಟವೇ ಗೊತ್ತಿಲ್ಲವೆಂಬಂತೆ, ಕ್ರಿಕೆಟ್ಟಿನ ಬಗ್ಗೆ ಮಾತಾಡುತ್ತಿದ್ದರು. ಓರ್ಹಾನ್ ವಿಚಿತ್ರವಾಗಿ ನೋಡುತ್ತಿದ್ದ.

ಬೇಸಿಗೆ ಬರುವ ಮುನ್ನ ಒಂದು ವಾರ ಇಡೀ ಕಾರ್ಖಾನೆಗೆ ಬಲವಂತದ ರಜೆ ಘೋಷಿಸಿದರು. ಅದಾದ ಮೇಲೆ ಯಾರು ಇರುತ್ತಾರೆ, ಯಾರು ಹೋಗುತ್ತಾರೆ ಎಂಬುದು ಇತ್ಯರ್ಥವಾಗುತ್ತದೆಂದು ಸುದ್ದಿ. ಸರಿಯಾಗಿ ಆ ವಾರದ ಬುಧವಾರ ಟರ್ಕಿಯ ಕಪ್ ಪಂದ್ಯ: ಈಚೆ ದಂಡೆ, ಆಚೆ ದಂಡೆ, ಸೋತವರು ಮನೆಗೆ. ಓರ್ಹಾನ್ ರಜೆಗೆ ಹೊರಡುವ ಸಂಜೆ ನಮ್ಮ ಮೇಜುಗಳ ಹತ್ತಿರ ಬಂದು, ಹೂಗಾರರ ಭುಜ ತಟ್ಟಿ, “ಬಸವರಾಜ್ ಬೇ, ಬುಧವಾರ ಶಿಕಾಗೋಗೆ ಬಾ. ನಮ್ಮವರೆಲ್ಲ ಒಂದು ಹಾಲ್‌ನಲ್ಲಿ ಸೇರಿ ದೊಡ್ಡ ಪರದೆಯ ಮೇಲೆ ನೋಡುತ್ತೇವೆ. ನಿನ್ನ ಗೆಳೆಯನನ್ನೂ ಕರೆದುಕೊಂಡು ಬಾ,” ಎಂದ. ಬೇ ಎಂದರೆ ನಮ್ಮಲ್ಲಿ ರಾಯರೇ ಎಂದ ಹಾಗೆ.

ಇದು ಆಹ್ವಾನವಲ್ಲ, ಇಂಟರ್ವ್ಯೂ ಎಂದು ನಾನು ಆ ಸಂಜೆಯೇ ತೀರ್ಪು ಕೊಟ್ಟೆ. ಹೂಗಾರರ ಅಡುಗೆಮನೆಯಲ್ಲಿ ಸಭೆ ಸೇರಿತು.

“ಹೋಗಲೇಬೇಕು,” ಎಂದೆ. “ಹೋಗಿ ಅವರ ಕಡೆಗೇ ಕೂಗಬೇಕು. ನನ್ನ ಕಾರಲ್ಲಿ ಕೂಟದ ಶಾಲುಗಳಿವೆ. ಹಾಕ್ಕೊಂಡು ಹೋಗೋಣ. ನಮ್ಮ ಮಟ್ಟಿಗೆ ಅದು ಕನ್ನಡ ಬಾವುಟ. ಅವನು ಏನು ಬೇಕಾದ್ರೂ ಅಂದ್ಕೊಳ್ಳಲಿ.”

“ಆಗಂಗಿಲ್ಲ,” ಎಂದರು ಹೂಗಾರ. “ರಾಜ್ಯೋತ್ಸವಕ್ಕ ಹಾಕ್ಕೊಳ್ದಂವ ಈ ಮಗನ ಸಲುವಾಗಿ ಹಾಕ್ಕೊಳ್ಳೇನು?”

ಶ್ರೇಯಾ ಫ್ರಿಜ್ ಬಾಗಿಲು ಹಿಡಿದು ನಿಂತಿದ್ದಳು. “ಡ್ಯಾಡ್, ಇಟ್ಸ್ ಜಸ್ಟ್ ಅ ಶಾಲ್!”

“ನಿಂಗ್ ತಿಳಿಯಂಗಿಲ್ಲ, ಸುಮ್ನಿರು.”

ಗಿರಿಜಾ ಅಲ್ಲಿಯವರೆಗೆ ಒಲೆಯ ಕಡೆ ಮುಖ ಮಾಡಿದ್ದರು. ಸೌಟು ಕೆಳಗಿಟ್ಟು ತಿರುಗಿದರು. “ಒಂದ್ ಮಧ್ಯಾಹ್ನದ ಮಾತು. ಕೊಳ್ಳೇನ್ ಸುಟ್ಟು ಹೋಗಂಗಿಲ್ಲ. ಈಕಿ ಸಾಲಿ ಮುಗಿಯೂತನಕಾರ ಇಲ್ಲಿರಬೇಕು ನಾವು. ನಿಮ್ಮ ಕ್ಲಬ್ಬಿನವರು ಬಂದು ಈಕಿನ ಕಾಲೇಜಿಗೆ ಸೇರಸ್ತಾರೇನು? ನಾನೂ ಬರ್ತೇನಿ. ನೀವ್ ಹೆಂಗ್ ಕುಂದರ್ತೀರಿ ನೋಡ್ತೇನಿ.”

ಹೂಗಾರರು, ತಮ್ಮ ಜೀವನದಲ್ಲೇ ಅತ್ಯಂತ ಸಣ್ಣ ದನಿಯಲ್ಲಿ, “ಹಾಯ್ದಿ” ಎಂದರು.

ಬುಧವಾರ ಬೆಳಿಗ್ಗೆ ಮೂವರೂ ಹೊರಟೆವು. ಶಿಕಾಗೋ ಗಡಿಯಾರ ನಮ್ಮದಕ್ಕಿಂತ ಒಂದು ಗಂಟೆ ಹಿಂದೆ. ಆ ಒಂದು ಗಂಟೆ ನಮ್ಮ ಪರವೋ ವಿರುದ್ಧವೋ ಎಂದು ನಾನು ಜಾಕ್ಸನ್ ಊರು ದಾಟುವವರೆಗೆ ಲೆಕ್ಕ ಹಾಕಿ, ಯಾವುದಕ್ಕೂ ಇರಲಿ ಎಂದು ಜೋರಾಗಿ ಓಡಿಸಿದೆ. ಕಾಲಮಜೂ ಹತ್ತಿರ ಗಿರಿಜಾ ಹಿಂದಿನ ಸೀಟಿನಿಂದ ತಾಲೀಮು ಶುರುಮಾಡಿದರು.

“ಕೆಂಪಿನವರು ಗೋಲ್ ಹೊಡದ್ರು!”

ಹೂಗಾರರು ಎರಡು ಬೆರಳಿನಿಂದ ಅಂಗೈ ತಟ್ಟಿಕೊಂಡರು.

“ಇದೇನ್ರೀ, ಯಾರೋ ಸತ್ತಂಗ? ಹಲ್ಲು ಕಾಣಸ್ರಿ. ಮಗಳು ಪಾಸಾದಂಗ ತಟ್ರಿ!”

“ಆಕಿ ಪಾಸಾದ್ರ ನಾ ಹಿಂಗ ತಟ್ಟೂದು.”

“ನೀಲಿಯವರು ಹೊಡದ್ರು!”

ಹೂಗಾರರು ಸೀಟ್ ಬೆಲ್ಟ್ ಹರಿಯುವ ಹಾಗೆ ಎಗರಿದರು. ನಾನು ಬೆಚ್ಚಿ ಪಕ್ಕದ ಲೇನಿಗೆ ಹೋದೆ. ಹಿಂದಿನ ಲಾರಿಯವನು ಹಾರ್ನ್ ಮಾಡಿದ.

“ಫೇಲ್!” ಎಂದರು ಗಿರಿಜಾ. “ಮತ್ತ ಮಾಡ್ರಿ.”

ಇಂಡಿಯಾನಾ ಗಡಿಯ ಹೊತ್ತಿಗೆ ಹೂಗಾರರು ಸಂತೋಷಕ್ಕೆ ಅಳುಮುಖವನ್ನೂ ದುಃಖಕ್ಕೆ ನಗುಮುಖವನ್ನೂ ತಪ್ಪಿಲ್ಲದೆ ಮಾಡಲು ಕಲಿತಿದ್ದರು. ಹದಿನೈದು ವರ್ಷದಿಂದ ಆಫೀಸಿನಲ್ಲಿ ನಾನು ಮಾಡುತ್ತಿದ್ದದ್ದೂ ಇದನ್ನೇ ಆದ್ದರಿಂದ, ಅವರು ಇಷ್ಟು ಕಷ್ಟಪಡುವುದು ನನಗೆ ಆಶ್ಚರ್ಯವೆನಿಸಿತು.

ಹಾಲ್ ಇದ್ದದ್ದು ಒಂದು ಬೇಕರಿಯ ಹಿಂದೆ. ಪಾರ್ಕಿಂಗ್ ಲಾಟಿನಲ್ಲಿ ಶಾಲುಗಳ ಡಬ್ಬ ತೆರೆದೆ. ಗಿರಿಜಾ ತಾವೇ ಗಂಡನ ಕೊರಳಿಗೆ ಶಾಲು ಹಾಕಿ ಅಂಚು ಸರಿಮಾಡಿದರು. ಹೂಗಾರರು ಕಣ್ಣು ಮುಚ್ಚಿಕೊಂಡಿದ್ದರು, ಇಂಜೆಕ್ಷನ್ ಹಾಕಿಸಿಕೊಳ್ಳುವವರ ಹಾಗೆ.

ಒಳಗೆ ಎಲ್ಲೆಲ್ಲೂ ಹಳದಿ-ಕೆಂಪು. ಪುಟ್ಟ ಗಾಜಿನ ಲೋಟಗಳಲ್ಲಿ ಚಹಾ, ಎಳ್ಳು ಹಚ್ಚಿದ ಬಳೆಯಂಥ ರೊಟ್ಟಿ, ಕಿವಿ ಕಿತ್ತುಹೋಗುವ ಗದ್ದಲ. ನಮ್ಮ ಮೂರು ಶಾಲು ನೋಡಿದ ಓರ್ಹಾನನ ಹುಬ್ಬುಗಳು ಮೇಲೆ ಹೋಗಿ ಅಲ್ಲೇ ನಿಂತವು. ಸಂತೋಷಕ್ಕೆ ಹಾಗಾಗಿರಬೇಕು ಎಂದುಕೊಂಡೆ. ಏನನ್ನೋ ಹೇಳಲು ಬಾಯಿ ತೆರೆದು, ಮುಚ್ಚಿ, ನಮ್ಮನ್ನು ಕೂರಿಸಿದ. ಹೂಗಾರರಿಗೆ ಬಾಗಿಲ ಪಕ್ಕದ ಕುರ್ಚಿ. ಬಾಗಿಲ ಪಕ್ಕ ಯಾಕೆ? ಬಾಗಿಲು ತೋರಿಸುವುದರ ಸೂಚನೆಯೇ? ಮೊದಲ ಹತ್ತು ನಿಮಿಷದ ಆಟ ನನಗೆ ಈ ಚಿಂತೆಯಲ್ಲಿ ಕಾಣಲೇ ಇಲ್ಲ.

ಕೆಂಪಿನವರು ಮೊದಲು ಗೋಲು ಹೊಡೆದರು. ಹಾಲ್ ಸಿಡಿಯಿತು. ಹೂಗಾರರು ಎದ್ದು ನಿಂತು, ಹಲ್ಲು ತೋರಿಸಿ, ಮಗಳು ಪಾಸಾದ ಹಾಗೆ ಚಪ್ಪಾಳೆ ತಟ್ಟಿದರು. ಗಿರಿಜಾ ನನ್ನ ಕಡೆ ನೋಡಿ ಹೆಮ್ಮೆಯಿಂದ ತಲೆಯಾಡಿಸಿದರು. ಎರಡನೆಯ ಅರ್ಧದಲ್ಲಿ ನೀಲಿಯವರು ಸಮ ಮಾಡಿದರು. ಹಾಲ್ ಸ್ಮಶಾನವಾಯಿತು. ಹೂಗಾರರು ಬಗ್ಗಿ ಬೂಟಿನ ಲೇಸು ಕಟ್ಟಿಕೊಳ್ಳತೊಡಗಿದರು. ಅವರ ಬೂಟಿಗೆ ಲೇಸೇ ಇರಲಿಲ್ಲ. ಆದರೂ ಎಷ್ಟೋ ಹೊತ್ತು ಕಟ್ಟಿದರು. ಬೆನ್ನು ಮಾತ್ರ ಅದುರುತ್ತಿತ್ತು.

ಹೆಚ್ಚುವರಿ ಸಮಯವೂ ಮುಗಿದು ಪೆನಾಲ್ಟಿಗೆ ಬಂತು. ಒಬ್ಬೊಬ್ಬರಾಗಿ ಬಂದು ಒದೆಯುವುದು. ಕ್ರಿಕೆಟ್ಟಿನವನಾದ ನಾನೂ ಲೆಕ್ಕಕ್ಕೆ ಬೆರಳು ಮಡಿಸತೊಡಗಿದೆ. ಹೂಗಾರರು ಶಾಲಿನ ತುದಿಯನ್ನು ಬಾಯಿಗೆ ತುರುಕಿಕೊಂಡಿದ್ದರು; ಕೆಂಪು ಭಾಗವೋ ಹಳದಿಯೋ ನೋಡುವ ಸ್ಥಿತಿಯಲ್ಲಿರಲಿಲ್ಲ. ಕೊನೆಯ ಒದೆತ ಕೆಂಪಿನವರದು. ನೀಲಿಯವರ ಗೋಲಿ, ಅಂದರೆ ಗೋಲು ಕಾಯುವ ಹುಡುಗ, ಎಡಕ್ಕೆ ಹಾರಿ ಚೆಂಡನ್ನು ಅಂಗೈಯಿಂದ ಹೊರಗೆ ತಳ್ಳಿದ.

ಮುಗಿಯಿತು. ಹೂಗಾರರ ನೀಲಿಯವರು ಗೆದ್ದರು.

ಹೂಗಾರರು ಕಲ್ಲಿನ ಹಾಗೆ ಕೂತಿದ್ದರು. ಎರಡೂ ಕಣ್ಣಿನಿಂದ ನೀರು ಇಳಿಯುತ್ತಿತ್ತು. ಪಕ್ಕದಲ್ಲಿದ್ದ ಬಿಳಿಮೀಸೆಯ ಮುದುಕನೊಬ್ಬ ಅದನ್ನು ಕಂಡು, ಪರದೇಶದವನಿಗೂ ನಮ್ಮ ಸೋಲಿಗೆ ಇಷ್ಟು ದುಃಖವೇ ಎಂದು ಕರಗಿ, ಅವರನ್ನು ಅಪ್ಪಿಕೊಂಡು ಹೆಗಲ ಮೇಲೆ ತಲೆಯಿಟ್ಟು ಅತ್ತ. ಹೂಗಾರರು ಅವನ ಬೆನ್ನು ಸವರಿದರು. ಟರ್ಕಿಶ್‌ನಲ್ಲಿ ಏನೋ ಸಮಾಧಾನ ಹೇಳಿದರು. ಗೆದ್ದವನು ಸೋತವನ ಸೋಲನ್ನು ತನ್ನದೆಂದು ಹಂಚಿಕೊಳ್ಳುವ ಅಂಥ ದೃಶ್ಯ ನಾನು ಬೇರೆಲ್ಲೂ ನೋಡಿಲ್ಲ. ಪಾಸ್ ಎಂದುಕೊಂಡೆ. ನೌಕರಿ ಉಳಿಯಿತು.

ಪಾರ್ಕಿಂಗ್ ಲಾಟಿಗೆ ಓರ್ಹಾನ್ ನಮ್ಮ ಹಿಂದೆಯೇ ಬಂದ. ಕಣ್ಣು ಕೆಂಪಗಿತ್ತು. ಅವನಾಡಿದ ಇಂಗ್ಲಿಷನ್ನು ನನ್ನ ಕನ್ನಡದಲ್ಲಿ ಹೇಳುತ್ತೇನೆ.

“ಬಸವರಾಜ್ ಬೇ, ನೀನು ಯಾಕೆ ಕೂಗಲಿಲ್ಲ?”

“ಸೋತೆವಲ್ಲ,” ಎಂದರು ಹೂಗಾರ, ಕಷ್ಟಪಟ್ಟು.

“ನೀವು ಗೆದ್ದಿರಿ!” ಎಂದ ಓರ್ಹಾನ್. “ಗೆಬ್ಜೆಯವರು ನನಗೆ ಮೊದಲ ವಾರವೇ ಹೇಳಿದ್ದರು, ಅಲ್ಲೊಬ್ಬ ಹಿಂದೂಸ್ತಾನಿ ಇದ್ದಾನೆ, ಹಳದಿ-ನೀಲಿಗೆ ಹುಟ್ಟಿದವನ ಹಾಗೆ ಆಡುತ್ತಾನೆ, ಹುಷಾರು ಅಂತ. ಇಷ್ಟು ತಿಂಗಳಿಂದ ಕಾಯುತ್ತಿದ್ದೇನೆ, ನೀನು ಕ್ರಿಕೆಟ್ ಮಾತಾಡುತ್ತೀಯ. ಬಾಗಿಲ ಹತ್ತಿರ ಕುರ್ಚಿ ಯಾಕೆ ಹಾಕಿಸಿದೆ? ನೀನು ಕೂಗಿದ ಮೇಲೆ ಇವರು ಹೊಡೆಯಲು ಬರುತ್ತಾರೆ, ಓಡಿಹೋಗಲು ದಾರಿ ಇರಲಿ ಅಂತ. ನೀನು ನೋಡಿದರೆ ಇದನ್ನು ಸುತ್ತಿಕೊಂಡು ಬಂದಿದ್ದೀಯ!” ಶಾಲಿನ ಕಡೆ ಬೆರಳು ತೋರಿಸಿದ.

ಆಮೇಲೆ ಅವನ ದನಿ ಇಳಿಯಿತು. ಹೆಡ್ ಆಫೀಸಿನ ನಿರ್ಧಾರ ಹಿಂದಿನ ವಾರವೇ ಬಂದಿತ್ತು. ಹೂಗಾರರ ವಿಭಾಗವನ್ನೇ ಮುಚ್ಚುತ್ತಾರೆ. ತಾನು ಕೇಳಿ ನೋಡಿದೆ, ಆಗಲಿಲ್ಲ ಎಂದ. “ಬರುವ ಸೋಮವಾರ ನಾನೇ ನಿನಗೆ ಹೇಳಬೇಕಿತ್ತು. ಅದಕ್ಕೆ ಮುಂಚೆ ಒಂದು ಪಂದ್ಯ ಜೊತೆಯಲ್ಲಿ ನೋಡೋಣ, ಒಬ್ಬರನ್ನೊಬ್ಬರು ಮನಸಾರೆ ಬೈಯೋಣ ಅಂದುಕೊಂಡೆ. ಅಷ್ಟೇ.”

ಶಿಕಾಗೋದ ಗಾಳಿ ಬೀಸುತ್ತಿತ್ತು. ಹೂಗಾರರು ನನ್ನ ಕಡೆ ನೋಡಿದರು. ಬೈಯುವ ನೋಟವಲ್ಲ, ಪರೀಕ್ಷೆ ಬರೆದು ಬಂದ ಮೇಲೆ ಪರೀಕ್ಷೆಯೇ ಇರಲಿಲ್ಲವೆಂದು ತಿಳಿದ ಹುಡುಗನ ನೋಟ. ನಿಧಾನವಾಗಿ ಶಾಲು ತೆಗೆದರು. ಅದೂ ಬಾವುಟವೇ ಎಂಬುದು ನೆನಪಾಗಿರಬೇಕು, ಬಿಸಾಡಲಿಲ್ಲ. ನಾಲ್ಕು ಮಡಿಕೆ ಮಾಡಿ ನನ್ನ ಕೈಗಿಟ್ಟರು.

“ಗಿರಿಜಾ, ನೌಕರಿ ಹೋತು,” ಎಂದರು.

“ಕೇಳಿಸ್ತು.”

“ಕಪ್ಪಿನಾಗ ನಾವ್ ಗೆದ್ವಿ.”

ಗಿರಿಜಾ ಸೆರಗಿನಿಂದ ಮೂಗು ಒರೆಸಿಕೊಂಡರು. “ಮತ್ಯಾಕ ಸುಮ್ನ ನಿಂತೀರಿ?” ಎಂದರು. “ಒದರ್ರಿ!”

ಹೂಗಾರರು ಒದರಿದರು. ಅದು ಯಾವ ಘೋಷಣೆ, ಯಾವ ಹಾಡು, ನನಗೆ ಗೊತ್ತಿಲ್ಲ. ಎರಡೂ ಕೈ ಮೇಲೆತ್ತಿ, ಕತ್ತಿನ ನರ ಉಬ್ಬಿಸಿ, ಇಷ್ಟು ತಿಂಗಳು ನುಂಗಿದ್ದನ್ನೆಲ್ಲ ಆ ಲಾಟಿನ ಮೇಲಿನ ಆಕಾಶಕ್ಕೆ ಎಸೆದರು. ನಡುವೆ ಗದುಗಿನ ಎರಡು ಬೈಗುಳವೂ ಬಂದವು. ಅವು ಆಚಿ ದಂಡಿಯವರಿಗೋ, ಹೆಡ್ ಆಫೀಸಿಗೋ, ನನಗೋ ಸ್ಪಷ್ಟವಾಗಲಿಲ್ಲ. ಓರ್ಹಾನ್ ತಡೆಯಲಾರದೆ ತಿರುಗಿ ಬೈಯತೊಡಗಿದ. ಇಬ್ಬರೂ ಮೂಗಿಗೆ ಮೂಗು ತಾಗುವಷ್ಟು ಹತ್ತಿರ ನಿಂತು, ಕಣ್ಣಲ್ಲಿ ನೀರು ಸುರಿಸುತ್ತ, ಟರ್ಕಿಶ್‌ನಲ್ಲಿ ಕೂಗಾಡಿದರು. ಹಾಲ್‌ನಿಂದ ಜನ ಹೊರಬರತೊಡಗಿದರು. ಬಿಳಿಮೀಸೆಯ ಮುದುಕ ತಾನು ಯಾರ ಹೆಗಲ ಮೇಲೆ ಅತ್ತೆನೆಂದು ತಿಳಿದು ಕೋಲು ಎತ್ತಿಕೊಂಡ. ನಾನು ಕಾರು ಸ್ಟಾರ್ಟ್ ಮಾಡಿದೆ.

ವಾಪಸು ಬರುವಾಗ ಮಿಷಿಗನ್ ಗಡಿಯವರೆಗೆ ಯಾರೂ ಮಾತಾಡಲಿಲ್ಲ. ಆಮೇಲೆ ಗಿರಿಜಾ, “ಆ ಗೋಲಿ ಹುಡುಗ ಚಲೋ ಹಾರಿದ,” ಎಂದರು. ಹೂಗಾರರು ಅಲ್ಲಿಂದ ಕ್ಯಾಂಟನ್ನಿನವರೆಗೆ ಆ ಒಂದು ಹಾರುವಿಕೆಯನ್ನು ವರ್ಣಿಸಿದರು.

ಓರ್ಹಾನ್ ಗೆಬ್ಜೆಗೆ ಫೋನು ಮಾಡಿ ಅಲ್ಲೊಂದು ಸಣ್ಣ ಕಾಂಟ್ರಾಕ್ಟ್ ಕೊಡಿಸಿದ. ಗ್ರೀನ್ ಕಾರ್ಡಿನ ಅರ್ಜಿ ಅಲ್ಲಿಗೆ ಸತ್ತಿತು. ಮನೆಯನ್ನು ಬ್ಯಾಂಕಿಗೆ ಬಿಟ್ಟರು. ಶ್ರೇಯಾ ಮುಖ ಊದಿಸಿಕೊಂಡೇ ಪ್ಯಾಕ್ ಮಾಡಿದಳು. ಕನ್ನಡ ಕೂಟದಿಂದ ಒಂದು ಈಮೇಲ್ ಬಂತು. ಸ್ಪೀಕರಿನ ಉದ್ದದ ವೈರು ಅವರ ಬಳಿಯೇ ಇರಬಹುದು, ಹೋಗುವ ಮುನ್ನ ದಯಮಾಡಿ ಹಿಂದಿರುಗಿಸಬೇಕು ಎಂದು.

ಏರ್‌ಪೋರ್ಟಿಗೆ ನಾನೇ ಬಿಟ್ಟೆ. ಅವರ ಪಾಸ್‌ಪೋರ್ಟುಗಳನ್ನು ದಾರಿಯಲ್ಲಿ ಮೂರು ಸಲ ತೋರಿಸಿ ಎಂದು ಕೇಳಿ ಗಿರಿಜಾರಿಂದ ಬೈಸಿಕೊಂಡೆ. ಸೆಕ್ಯೂರಿಟಿ ಸಾಲಿನ ಹತ್ತಿರ ಹೂಗಾರರು ನನ್ನ ಕೈ ಹಿಡಿದುಕೊಂಡು ನಿಂತರು.

“ಮೂರ್ತಿ ಸರ, ಒಂದ್ ಕೇಳ್ತೇನಿ, ಖರೇ ಹೇಳ್ರಿ. ಆ ಕಡೀ ಒದತದಾಗ, ಗೋಲಿ ಹಾರಿದ್ನಲ್ಲ, ಆವಾಗ ನಿಮ್ಮ ಮನಸ್ಸಿನ್ಯಾಗ ಯಾರು ಗೆಲ್ಲಲಿ ಅಂತಿತ್ತು?”

ನಾನು ಯೋಚಿಸಿದೆ. ನಿಜವಾಗಿಯೂ ಯೋಚಿಸಿದೆ. “ಯಾರು ಗೆದ್ರೆ ತೊಂದರೆ ಕಮ್ಮಿ ಅಂತ ಲೆಕ್ಕ ಹಾಕ್ತಿದ್ದೆ ಕಣ್ರೀ,” ಎಂದೆ.

ಹೂಗಾರರು ತಲೆ ಹಿಂದಕ್ಕೆ ಹಾಕಿ ನಕ್ಕರು. ಸಾಲಿನಲ್ಲಿದ್ದವರೆಲ್ಲ ತಿರುಗಿ ನೋಡುವಷ್ಟು. “ಅದಕ್ಕ ನೋಡ್ರಿ ನಿಮ್ಮ ನೌಕರಿ ಉಳೀತು!” ಎಂದು ನನ್ನ ಬೆನ್ನಿಗೊಂದು ಗುದ್ದು ಕೊಟ್ಟು, ಬ್ಯಾಗ್ ಎತ್ತಿಕೊಂಡು ಹೆಂಡತಿ ಮಗಳ ಹಿಂದೆ ಹೊರಟುಹೋದರು.

ನಾನೂ ನಕ್ಕೆ. ಪಾರ್ಕಿಂಗ್ ಕಟ್ಟಡದ ಗೇಟು ದಾಟುವವರೆಗೂ ನಗುತ್ತಲೇ ಇದ್ದೆ.